ಸಾಕ್ಷ್ಯಚಿತ್ರ ಹಾಗೂ ದಾಖಲೆ ದೃಶ್ಯಗಳಲ್ಲಿ ಸರ್ ಡೇವಿಡ್ ಅಟೆನ್‌ಬರೊ

ವನ್ಯಜೀವಿ ಸಾಕ್ಷ್ಯಚಿತ್ರಗಳ ನಿರೂಪಕರಾಗಿ ಜಗತ್ತಿನಾದ್ಯಂತ ಪರಿಚಿತರಾದ ಸರ್ ಡೇವಿಡ್ ಅಟೆನ್‌ಬರೊ ರವರು 1926ರ ಮೇ 8ರಂದು ಇಂಗ್ಲೆಂಡಿನಲ್ಲಿ ಜನಿಸಿದರು. ಕೇಂಬ್ರಿಜ್ ವಿಶ್ವವಿದ್ಯಾಲಯದಲ್ಲಿ ವ್ಯಾಸಂಗ ಮಾಡಿ, 1952ರಲ್ಲಿ ಬಿ.ಬಿ.ಸಿ. ಸಂಸ್ಥೆಯನ್ನು ಸೇರಿದರು.

ಅವರು ನಿರೂಪಕರಾದುದು ಆಕಸ್ಮಿಕ. 1954ರಲ್ಲಿ ಪ್ರಾರಂಭವಾದ 'ಜೂ ಕ್ವೆಸ್ಟ್' ಸರಣಿಯ ನಿರೂಪಣೆಯ ಹೊಣೆ ಲಂಡನ್ ಮೃಗಾಲಯದ ಜ್ಯಾಕ್ ಲೆಸ್ಟರ್ ರವರದಾಗಿತ್ತು. ಅವರು ಅಸ್ವಸ್ಥರಾದುದರಿಂದ, ನಿರ್ಮಾಪಕರಾಗಿದ್ದ ಅಟೆನ್‌ಬರೊ ರವರೇ ಕ್ಯಾಮೆರಾದ ಮುಂದೆ ನಿಲ್ಲಬೇಕಾಯಿತು. ದೂರದ ನಾಡುಗಳಲ್ಲಿ ಪ್ರಾಣಿಗಳನ್ನು ಹಿಡಿದು ಮೃಗಾಲಯಕ್ಕೆ ತರುವುದೇ ಆ ಸರಣಿಯ ವಸ್ತು. ಇಂದಿನ ಸಂರಕ್ಷಣಾ ದೃಷ್ಟಿಗೆ ಇದು ಸಮ್ಮತವಲ್ಲ; ಆದರೂ ಅಂದಿನ ಮನೋಭಾವಕ್ಕೆ ಇಷ್ಟು ನೇರವಾದ ದಾಖಲೆ ಬೇರೆ ಕಡೆ ದೊರೆಯುವುದು ಕಷ್ಟ.

ಈ ಸರಣಿಯ ಸುರುಳಿಗಳ ಕಥೆಯೂ ಗಮನಾರ್ಹ. ಪ್ರಸಾರವಾದುದು ಕಪ್ಪು-ಬಿಳುಪಿನಲ್ಲಿ. ಆದರೆ ಚಿತ್ರಗಳು ಹೆಚ್ಚು ಸ್ಪಷ್ಟವಾಗಿ ಮೂಡುವವೆಂಬ ಕಾರಣದಿಂದ ಛಾಯಾಗ್ರಾಹಕ ಚಾರ್ಲ್ಸ್ ಲಾಗಸ್ ರವರು 16 ಮಿ.ಮೀ. ವರ್ಣ ಸುರುಳಿಯನ್ನು ಬಳಸಿದ್ದರು. ದಶಕಗಳ ಕಾಲ ಯಾರ ಗಮನಕ್ಕೂ ಬಾರದೆ ಭಂಡಾರದಲ್ಲಿ ಉಳಿದಿದ್ದ ಆ ದೃಶ್ಯಗಳು 2016ರಲ್ಲಿ ಮೊದಲ ಬಾರಿಗೆ ವರ್ಣದಲ್ಲಿ ಪ್ರಸಾರಗೊಂಡವು. ಸುರುಳಿಗಳನ್ನು ಅನುಪಯುಕ್ತವೆಂದು ವಿಲೇವಾರಿ ಮಾಡಿದ್ದಲ್ಲಿ ಅವು ಶಾಶ್ವತವಾಗಿ ನಷ್ಟವಾಗುತ್ತಿದ್ದವು.

1965ರಿಂದ 1969ರವರೆಗೆ ಅವರು ಬಿ.ಬಿ.ಸಿ.-2 ವಾಹಿನಿಯ ಮುಖ್ಯಸ್ಥರಾಗಿದ್ದರು. ಬ್ರಿಟನ್ನಿನಲ್ಲಿ ವರ್ಣ ಪ್ರಸಾರವು 1967ರಲ್ಲಿ ಇದೇ ವಾಹಿನಿಯಿಂದ ಆರಂಭವಾಯಿತು. ತರುವಾಯ ಆಡಳಿತವನ್ನು ತೊರೆದು ಚಿತ್ರನಿರ್ಮಾಣಕ್ಕೆ ಮರಳಿದರು.

1979ರಲ್ಲಿ ಪ್ರಸಾರವಾದ 13 ಭಾಗಗಳ 'ಲೈಫ್ ಆನ್ ಅರ್ತ್' ಸರಣಿಯಲ್ಲಿ, ರುವಾಂಡಾದ ಪರ್ವತ ಗೊರಿಲ್ಲಾಗಳ ನಡುವೆ ಅವರು ಕುಳಿತಿರುವ ದೃಶ್ಯವು ಅತ್ಯಂತ ಹೆಚ್ಚು ಬಾರಿ ಪುನರ್ಬಳಕೆಯಾದ ದೂರದರ್ಶನ ದೃಶ್ಯಗಳಲ್ಲೊಂದು. ಅಂದು ಅಳಿವಿನ ಅಂಚಿನಲ್ಲಿದ್ದ ಈ ಪ್ರಾಣಿಗಳ ಒಟ್ಟು ಸಂಖ್ಯೆ 2018ರ ವೇಳೆಗೆ ಒಂದು ಸಾವಿರವನ್ನು ದಾಟಿತು. ಸಂರಕ್ಷಣೆಯ ಫಲವನ್ನು ಅಳೆಯಲು ಆ ಹಳೆಯ ಚಿತ್ರಿಕೆ ಈಗ ಒಂದು ಗುರುತುಕಲ್ಲಾಗಿದೆ.

2020ರ 'ಎ ಲೈಫ್ ಆನ್ ಅವರ್ ಪ್ಲಾನೆಟ್' ಚಿತ್ರದಲ್ಲಿ ಅವರು ತಮ್ಮ ಹಿಂದಿನ ದೃಶ್ಯಗಳನ್ನೇ ಸಾಕ್ಷ್ಯವಾಗಿ ಮುಂದಿಟ್ಟರು. ಚಿತ್ರವು ನೀಡುವ ಅಂಕಿ-ಅಂಶಗಳಂತೆ, 1937ರಲ್ಲಿ ಶೇ. 66ರಷ್ಟಿದ್ದ ವನ್ಯ ಪ್ರದೇಶವು 2020ರಲ್ಲಿ ಶೇ. 35ಕ್ಕೆ ಇಳಿದಿತ್ತು, ಜನಸಂಖ್ಯೆಯು 230 ಕೋಟಿಯಿಂದ 780 ಕೋಟಿಗೆ ಏರಿತ್ತು. ಚಿತ್ರೀಕರಿಸಿದ ಸ್ಥಳ ಮತ್ತು ವರ್ಷ ನಮೂದಾಗಿರದಿದ್ದರೆ ಇಂತಹ ಹೋಲಿಕೆಗೆ ಆ ದೃಶ್ಯಗಳು ಒದಗುತ್ತಿರಲಿಲ್ಲ.

ಕರ್ನಾಟಕದೊಂದಿಗೂ ಅವರಿಗೆ ನಂಟಿದೆ. ರಾಜ್ಯ ಅರಣ್ಯ ಇಲಾಖೆಯ ಸಹಯೋಗದಲ್ಲಿ ಅಮೋಘವರ್ಷ ಹಾಗೂ ಕಲ್ಯಾಣ್ ವರ್ಮ ರವರು ನಿರ್ಮಿಸಿದ 'ವೈಲ್ಡ್ ಕರ್ನಾಟಕ' ಸಾಕ್ಷ್ಯಚಿತ್ರವು 2020ರ ಜನವರಿಯಲ್ಲಿ ಚಿತ್ರಮಂದಿರಗಳಲ್ಲಿ ತೆರೆಕಂಡಿತು. ಇದರ ಆಂಗ್ಲ ನಿರೂಪಣೆಗಾಗಿ ಅಟೆನ್‌ಬರೊ ರವರಿಗೆ 67ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿ ದೊರೆಯಿತು. ಕನ್ನಡ ಆವೃತ್ತಿಗೆ ಶ್ರೀ ರಿಷಬ್ ಶೆಟ್ಟಿಯವರು ಧ್ವನಿ ನೀಡಿದ್ದಾರೆ.