ಕಾಳಿಂಗನನ್ನು ಸಾಕಬಹುದೇ?

ವಿದೇಶದಲ್ಲಿ ನೆಲೆಸಿರುವ ನನ್ನ ಶಿಷ್ಯನೊಬ್ಬ ಮನೆಯಲ್ಲಿ ಹೆಬ್ಬಾವನ್ನು ಸಾಕಿದ್ದಾನಂತೆ. ಊರಿಗೆ ಮರಳಿದ ಮೇಲೆ ಇಲ್ಲಿಯೂ ದೊಡ್ಡ ಹಾವೊಂದನ್ನು ಸಾಕಬಹುದೇ ಎಂದು ಕೇಳಿದ್ದಾನೆ. ಉತ್ತರ ನಿಮಗೆಲ್ಲರಿಗೂ ಉಪಯುಕ್ತವಾದೀತೆಂದು ಇಲ್ಲಿಯೇ ಬರೆಯುತ್ತಿದ್ದೇನೆ.

1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ನಮ್ಮ ಕಾಡಿನ ಹೆಬ್ಬಾವನ್ನಾಗಲಿ, ಕಾಳಿಂಗ ಸರ್ಪವನ್ನಾಗಲಿ ಹಿಡಿದು ಮನೆಯಲ್ಲಿಟ್ಟುಕೊಳ್ಳುವುದು ಅಪರಾಧ. ಆದರೆ ಕಾನೂನಿಗಿಂತಲೂ ಹಳೆಯ ಕಾರಣ ಆ ಜೀವಿಯ ಸ್ವಭಾವದಲ್ಲಿಯೇ ಇದೆ. ಕಾಳಿಂಗನ ಮುಖ್ಯ ಆಹಾರ ಇತರ ಹಾವುಗಳು. ಒಂದನ್ನು ಸಾಕಲು ಕೇರೆಹಾವಿನಂತಹ ಹಲವನ್ನು ಬಲಿಗೊಡಬೇಕು. ಅದು ಕಚ್ಚಿದರೆ ನಮ್ಮ ಆಸ್ಪತ್ರೆಗಳ ಪ್ರತಿವಿಷವನ್ನು ನಂಬುವಂತಿಲ್ಲ. ಆ ಔಷಧ ತಯಾರಾಗುವುದು ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲಗಳ ವಿಷಕ್ಕಾಗಿ.

ಪರಿಣತರ ಪಂಜರವೂ ಹಾವಿಗೆ ಅಭಯವಲ್ಲವೆಂಬುದಕ್ಕೆ ಇತಿಹಾಸದಲ್ಲಿ ನಿದರ್ಶನವುಂಟು. 1937ರಲ್ಲಿ ಮಲಯದಲ್ಲಿ ಸೆರೆಸಿಕ್ಕ ಕಾಳಿಂಗವೊಂದು ಲಂಡನ್ ಮೃಗಾಲಯದಲ್ಲಿ 5.71 ಮೀಟರ್, ಎಂದರೆ ಸುಮಾರು ಹತ್ತೊಂಬತ್ತು ಅಡಿ ಬೆಳೆಯಿತು. 1939ರಲ್ಲಿ ಯುದ್ಧ ಆರಂಭವಾದಾಗ, ಬಾಂಬು ಬಿದ್ದು ಹಾವು ತಪ್ಪಿಸಿಕೊಂಡರೆ ಗತಿಯೇನೆಂದು ಅದನ್ನು ಕೊಂದರು. ಅಷ್ಟು ಚೆನ್ನಾಗಿ ಬೆಳೆಸಿದವರೇ ಕೊಲ್ಲಬೇಕಾಯಿತು.

ನಮ್ಮಲ್ಲಿ ಬೇರೆ ದಾರಿ ತೆರೆಯಿತು. ರೋಮುಲಸ್ ವಿಟೇಕರ್ ಅವರು 2005ರಲ್ಲಿ ಆಗುಂಬೆಯಲ್ಲಿ ಮಳೆಕಾಡು ಸಂಶೋಧನಾ ಕೇಂದ್ರವನ್ನು ಸ್ಥಾಪಿಸಿದರು. ಅಲ್ಲಿ ಹಾವಿನ ದೇಹದೊಳಗೆ ಪುಟ್ಟ ರೇಡಿಯೋ ಸಾಧನವಿರಿಸಿ ಅದರ ಸಂಚಾರವನ್ನು ಅರಿತರು. ಹಿಡಿದ ಜಾಗದಿಂದ ದೂರ ಒಯ್ದು ಬಿಟ್ಟ ಗಂಡು ಕಾಳಿಂಗವೊಂದು ಒಂದೆಡೆ ನಿಲ್ಲದೆ ಬಹುದೂರ ಅಲೆದಾಡಿತು. ಹಾವಿಗೂ ತನ್ನದೆಂಬ ನೆಲವುಂಟೆಂದು ಇದರಿಂದ ತಿಳಿಯುತ್ತದೆ.

ಬಾಬಾಬುಡನ್‌ಗಿರಿಯಿಂದ ಕಳಸ, ಮೂಡಿಗೆರೆಗಳವರೆಗೆ ನಮ್ಮ ಕಾಫಿ ಮರದ ನೆರಳಿನಲ್ಲಿ ಬೆಳೆಯುತ್ತದೆ. ಕಾಡೆಲ್ಲಿ ಮುಗಿಯಿತು, ತೋಟವೆಲ್ಲಿ ಮೊದಲಾಯಿತು ಎಂಬುದು ಹಾವಿಗೆ ತಿಳಿಯದು. ಬೇಸಿಗೆಯಲ್ಲಿ ಹೆಣ್ಣು ಕಾಳಿಂಗ ತರಗೆಲೆಗಳನ್ನು ಒಟ್ಟುಗೂಡಿಸಿ ಗೂಡು ಕಟ್ಟಿ ಮೊಟ್ಟೆಯಿಡುತ್ತದೆ. ಕೊಳೆಯುವ ಎಲೆಗಳ ಕಾವಿನಲ್ಲಿ ಮರಿಗಳು ಬೆಳೆದು ಮಳೆಗಾಲದ ಹೊತ್ತಿಗೆ ಹೊರಬರುತ್ತವೆ. ಅಂತಹ ಗೂಡು ಕಂಡರೆ ಕೆದಕದೆ, ಬೆಂಕಿಯಿಡದೆ, ಜನರನ್ನೂ ನಾಯಿಗಳನ್ನೂ ದೂರವಿರಿಸಿ ಅರಣ್ಯ ಇಲಾಖೆಗೆ ತಿಳಿಸಬೇಕು. ಕಾಳಿಂಗನನ್ನು ಸಾಕುವ ರೀತಿ ಇದೊಂದೇ.

2024ರಲ್ಲಿ ವಿಜ್ಞಾನಿಗಳು ಪಶ್ಚಿಮಘಟ್ಟದ ಈ ಸರ್ಪವನ್ನು ಪ್ರತ್ಯೇಕ ಪ್ರಭೇದವೆಂದು ಗುರುತಿಸಿ 'ಓಫಿಯೊಫೇಗಸ್ ಕಾಳಿಂಗ' ಎಂದು ಹೆಸರಿಟ್ಟರು. ನಮ್ಮ ಹಿರಿಯರು ಕರೆಯುತ್ತಿದ್ದ ಹೆಸರೇ ಇಂದು ಲೋಕದ ಶಾಸ್ತ್ರಗ್ರಂಥಗಳನ್ನು ಸೇರಿದೆ. ಆ ಹೆಸರನ್ನು ಹೊತ್ತ ಜೀವಿ ನಮ್ಮ ತೋಟಗಳಲ್ಲಿ ಉಳಿಯುವಂತೆ ನೋಡಿಕೊಳ್ಳುವುದು ನಿಮ್ಮ ತಲೆಮಾರಿನ ಹೊಣೆ.