ಯಲಹಂಕನಾಡಿನ ಕರಣಿಕವೃತ್ತಿ

ಶಾಸನಗಳ ಸೇನಬೋವನೇ ಮುಂದೆ ಶಾನುಭೋಗನಾದನು. ಊರಿನ ಲೆಕ್ಕವನ್ನಿಡುವ ಈ ವೃತ್ತಿಯು ತಂದೆಯಿಂದ ಮಗನಿಗೆ ಸಲ್ಲುತ್ತಿದ್ದುದರಿಂದ ಅದರಲ್ಲಿ ಹೊಸ ಕಲಿಕೆಗೆ ಎಡೆಯಿರಲಿಲ್ಲವೆಂದು ಭಾವಿಸುವುದುಂಟು. ಯಲಹಂಕನಾಡಿನ ಚರಿತ್ರೆಯನ್ನು ನೋಡಿದರೆ ಈ ಅಭಿಪ್ರಾಯವು ನಿಲ್ಲಲಾರದು. ಕ್ರಿ. ಶ. 1638ರಲ್ಲಿ ಬೆಂಗಳೂರು ಯಲಹಂಕ ಪ್ರಭುಗಳ ಕೈತಪ್ಪಿ ಬಿಜಾಪುರದವರ ವಶವಾಗಿ, ಷಹಾಜಿಗೆ ಜಹಗೀರಾಗಿ ಸಂದಮೇಲೆ ಮರಾಠಿಯು ಇಲ್ಲಿಯ ಕಚೇರಿಗಳನ್ನು ಹೊಕ್ಕಿತು. ಟಿಪ್ಪುವು ಸರ್ಕಾರದ ಲೆಕ್ಕಗಳಿಗೆ ಪಾರಸಿಯನ್ನು ವಿಧಿಸಿದನು. 1799ರ ತರುವಾಯ ಅದೂ ಹಿಂದೆ ಸರಿಯಿತು. ಮೇಲಿನವರ ಭಾಷೆ ಬದಲಾದಾಗಲೆಲ್ಲ ಕರಣಿಕನು ಮತ್ತೆ ಶಿಷ್ಯನಾಗದೆ ವಿಧಿಯಿರಲಿಲ್ಲ. ಹುಣಿಸೆಬೀಜದ ಅಂಟನ್ನೂ ಇದ್ದಿಲ ಪುಡಿಯನ್ನೂ ಬಳಿದ ಬಟ್ಟೆಯ ಕಡತದಲ್ಲಿ ಬಳಪದಿಂದ ಬರೆಯುವ ರೂಢಿ ಮಾತ್ರ ಬಹುಕಾಲ ನಡೆದುಬಂದಿತು. ಒರಸಿ ತಿದ್ದಬಹುದಾದ ಈ ಕಡತವನ್ನು ನಂಬಿಯೇ ರೈತನು ಕಂದಾಯವನ್ನು ತೆರಬೇಕಾಗಿದ್ದಿತು. ಕರಣಿಕನ ಅಜ್ಞಾನವೂ, ಅವನ ವಂಚನೆಯಂತೆಯೇ, ರೈತನ ತಲೆಯ ಮೇಲೆಯೇ ಬೀಳತಕ್ಕುದು.

1957ರ ಏಪ್ರಿಲ್ 1ರಂದು ರೂಪಾಯಿಗೆ ನೂರು ನಯಾಪೈಸೆಯಾಗಲು, ಆಣೆಗಳ ಹದಿನಾರರ ಎಣಿಕೆಯಲ್ಲಿ ಪಳಗಿದ ಕೈಗಳು ಮತ್ತೊಮ್ಮೆ ಓನಾಮದಿಂದ ತೊಡಗಬೇಕಾಯಿತು. 1963ರಲ್ಲಿ ವಂಶಪಾರಂಪರ್ಯದ ಗ್ರಾಮಾಧಿಕಾರಗಳೇ ರದ್ದಾದುವು.

ಖಾಸಗಿ ಲೆಕ್ಕದ ವೃತ್ತಿಯಾದರೋ 1949ರ ಕಾಯಿದೆಯಿಂದ ಚಾರ್ಟರ್ಡ್ ಅಕೌಂಟೆಂಟರ ಸಂಸ್ಥೆಗೆ ಒಳಪಟ್ಟಿತು. ಅಲ್ಲಿ ಜನ್ಮದ ಹಕ್ಕಿಲ್ಲ, ಪರೀಕ್ಷೆಯುಂಟು. ಒಮ್ಮೆ ತೇರ್ಗಡೆಯಾದರೂ ಸಾಲದು. ವೃತ್ತಿ ನಡಸುವ, ಅರುವತ್ತು ವಯಸ್ಸು ತುಂಬದ ಸದಸ್ಯನು ಮೂರು ವರ್ಷಗಳಲ್ಲಿ 120 ಗಂಟೆಗಳ ಕಲಿಕೆಯನ್ನು ತೋರಿಸಬೇಕೆಂಬುದು ಇಂದಿನ ನಿಯಮ. ಗಂಟೆಗಳನ್ನು ಎಣಿಸಬಹುದು, ವಿದ್ಯೆಯನ್ನು ಎಣಿಸುವುದು ಕಷ್ಟವೆಂಬ ಆಕ್ಷೇಪವು ನಿರಾಧಾರವಲ್ಲ. ಆದರೆ 2017ರ ಜುಲೈ 1ರಂದು ಸರಕು ಮತ್ತು ಸೇವಾ ತೆರಿಗೆಯು ಜಾರಿಗೆ ಬಂದಾಗ, ಯಶವಂತಪುರದ ಮಂಡಿಯ ಲೆಕ್ಕಿಗರಿಗೆ ಹಿಂದಿನ ಮೌಲ್ಯವರ್ಧಿತ ತೆರಿಗೆಯ ಪರಿಚಯವೊಂದೇ ಸಾಕಾಗಲಿಲ್ಲ.