ಪೆಡಲ್, ಗೇರ್ ಮತ್ತು ನಾವು: ಒಂದು ಪುಟ್ಟ ಚರಿತ್ರೆ

ಪುಣೆಯನ್ನು ಒಂದು ಕಾಲಕ್ಕೆ ಸೈಕಲ್ಲುಗಳ ಊರು ಎನ್ನುತ್ತಿದ್ದರು. ಈಗ ನಮ್ಮ ಮಹಿಳಾ ವೇದಿಕೆಯ ಹಲವರು ಮತ್ತೆ ಬೆಳಗಿನ ಹೊತ್ತು ಸೈಕಲ್ ಹತ್ತುತ್ತಿದ್ದಾರೆ. ಆದರೆ 21 ಗೇರಿನ ಸೈಕಲ್ ಕೊಂಡು, ಅಂಗಡಿಯವರು ಹಾಕಿಕೊಟ್ಟ ಗೇರಿನಲ್ಲೇ ವರ್ಷವಿಡೀ ಓಡಿಸುವವರು ಬಹಳ. ಏರು ಬಂದರೆ ಮಂಡಿನೋವು, ಆಮೇಲೆ ಸೈಕಲ್ ಬಾಲ್ಕನಿ ಸೇರುತ್ತದೆ. "ಹಗುರ ಗೇರ್ ಹಾಕ್ರಿ ಅಕ್ಕಾ" ಎಂದರೆ, "ಅಷ್ಟೇನೂ ಸೋತಿಲ್ಲ ಬಿಡು" ಎಂಬ ಉತ್ತರ ಬರುತ್ತದೆ. ಗೇರ್ ಬದಲಿಸುವುದು ಸೋಲು ಎಂಬ ಈ ಭಾವನೆ ಎಲ್ಲಿಂದ ಬಂತೆಂದು ಹುಡುಕಿದಾಗ ನನಗೆ ಸ್ವಾರಸ್ಯಕರವಾದ ಚರಿತ್ರೆಯೇ ಸಿಕ್ಕಿತು.

1817ರಲ್ಲಿ ಜರ್ಮನಿಯ ಕಾರ್ಲ್ ಡ್ರೈಸ್ ತಯಾರಿಸಿದ ಎರಡು ಗಾಲಿಯ ಗಾಡಿಗೆ ಪೆಡಲ್ ಇರಲಿಲ್ಲ. ನೆಲಕ್ಕೆ ಕಾಲು ಒದ್ದು ಮುಂದೆ ಹೋಗಬೇಕಿತ್ತು. 1860ರ ದಶಕದಲ್ಲಿ ಪ್ಯಾರಿಸ್‌ನಲ್ಲಿ ಮುಂದಿನ ಗಾಲಿಗೇ ಪೆಡಲ್ ಜೋಡಿಸಿದ ಸೈಕಲ್ಲುಗಳು ಬಂದವು. ಅದರಲ್ಲಿ ಪೆಡಲ್ ಒಂದು ಸುತ್ತು ತಿರುಗಿದರೆ ಗಾಲಿಯೂ ಒಂದೇ ಸುತ್ತು. ವೇಗ ಬೇಕೆಂದರೆ ಗಾಲಿಯನ್ನೇ ದೊಡ್ಡದು ಮಾಡಬೇಕು. ಹಾಗಾಗಿ 1870ರ ದಶಕದಲ್ಲಿ ಆಳೆತ್ತರದ ಮುಂಗಾಲಿಯ ಸೈಕಲ್ ಹುಟ್ಟಿತು. ಉದ್ದ ಲಂಗದ ಹೆಂಗಸರಿಗೆ ಅದನ್ನು ಹತ್ತುವುದು ಆಗದ ಮಾತು.

1885ರಲ್ಲಿ ಇಂಗ್ಲೆಂಡಿನ ಕವೆಂಟ್ರಿಯಲ್ಲಿ ಜಾನ್ ಕೆಂಪ್ ಸ್ಟಾರ್ಲಿ ಹೊರತಂದ ರೋವರ್ ಸೈಕಲ್ ಈ ಕಟ್ಟನ್ನು ಬಿಡಿಸಿತು. ಪೆಡಲ್ ನಡುವೆ ಬಂತು, ಅಲ್ಲಿಂದ ಹಿಂದಿನ ಗಾಲಿಗೆ ಚೈನ್ ಹೋಯಿತು. ಮುಂದಿನ ಹಲ್ಲಿನ ಚಕ್ರ ದೊಡ್ಡದು, ಹಿಂದಿನದು ಚಿಕ್ಕದು. ಪೆಡಲ್ ಒಂದು ಸುತ್ತು ಬಂದರೆ ಗಾಲಿ ಎರಡು ಸುತ್ತಿಗಿಂತ ಹೆಚ್ಚೂ ಹೋಗಬಲ್ಲದು. ಗಾಲಿ ದೊಡ್ಡದಿರಬೇಕಾದ ಅಗತ್ಯವೇ ತಪ್ಪಿತು, ಸೈಕಲ್ ಹೆಂಗಸರ ಕೈಗೂ ಎಟುಕಿತು.

ಮುಂದಿನ ಹೆಜ್ಜೆ ಗೇರ್. ಫ್ರಾನ್ಸಿನ ಸಾಂತ್ ಎತಿಯೆನ್ ಊರಿನ ಪಾಲ್ ದ ವಿವಿ, 'ವೆಲೋಸಿಯೋ' ಎಂಬ ಹೆಸರಿನಲ್ಲಿ ಗೇರಿನ ಪರವಾಗಿ ಬಿಡದೆ ಬರೆದರು. 1902ರಲ್ಲಿ ಅಲ್ಲಿಯ ಟೂರಿಂಗ್ ಕ್ಲಬ್ ಬೆಟ್ಟದ ದಾರಿಯಲ್ಲಿ ಸೈಕಲ್ಲುಗಳ ಪರೀಕ್ಷೆ ನಡೆಸಿದಾಗ, ಮಾರ್ತ್ ಹೆಸ್ ಎಂಬ ಮಹಿಳೆ ಮೂರು ಗೇರಿನ ಸೈಕಲ್ಲಿನಲ್ಲಿ ಎಲ್ಲಿಯೂ ಕಾಲು ಕೆಳಗಿಡದೆ ಹೋದರೆಂದು ಹೆಸರಾದರು. ಆದರೂ ಟೂರ್ ದ ಫ್ರಾನ್ಸ್ ಸ್ಪರ್ಧೆಯ ಸ್ಥಾಪಕ ಆನ್ರಿ ದೆಗ್ರಾಂಜ್ ಒಪ್ಪಲಿಲ್ಲ. ಗೇರ್ ಏನಿದ್ದರೂ ವಯಸ್ಸಾದವರಿಗೆ, ಗೆಲ್ಲಬೇಕಾದದ್ದು ಸ್ನಾಯುಬಲದಿಂದ ಎಂಬುದು ಅವರ ವಾದ. ಚೈನನ್ನು ಹಲ್ಲಿನಿಂದ ಹಲ್ಲಿಗೆ ದಾಟಿಸುವ ಡಿರೇಲರ್‌ಗೆ ಆ ಸ್ಪರ್ಧೆಯಲ್ಲಿ ಅನುಮತಿ ಸಿಕ್ಕಿದ್ದು 1937ರಲ್ಲಿ. ಇಂದು ಅದಿಲ್ಲದೆ ಯಾವ ವೀರನೂ ಅಲ್ಲಿ ಬೆಟ್ಟ ಹತ್ತುವುದಿಲ್ಲ.

ನಮ್ಮಲ್ಲಿ ಮನೆಮನೆಯ ಸೈಕಲ್ ಬಹುಕಾಲ ಒಂದೇ ಗೇರಿನದು. 1990ರ ದಶಕದ ಆರಂಭದಲ್ಲಿ ತಮಿಳುನಾಡಿನ ಪುದುಕ್ಕೋಟ್ಟೈನಲ್ಲಿ ಸಾಕ್ಷರತಾ ಆಂದೋಲನದ ಜೊತೆಗೆ ಒಂದು ಲಕ್ಷಕ್ಕೂ ಹೆಚ್ಚು ಹಳ್ಳಿಯ ಹೆಂಗಸರು ಸೈಕಲ್ ಕಲಿತರು. ಕರ್ನಾಟಕದಲ್ಲಿ 2006-07ರಿಂದ 8ನೇ ತರಗತಿಯ ಮಕ್ಕಳಿಗೆ ಸರ್ಕಾರ ಸೈಕಲ್ ಕೊಟ್ಟಿತು. ಅವೆಲ್ಲ ಒಂದೇ ಗೇರಿನವು. ನಮ್ಮಲ್ಲಿ ಹೆಚ್ಚಿನವರು ಕಲಿತದ್ದೂ ಅಂಥದರ ಮೇಲೆಯೇ. ಆದ್ದರಿಂದ ಹ್ಯಾಂಡಲ್ ಮೇಲಿನ ಗೇರ್ ಗುಂಡಿ ಅಪರಿಚಿತ ಎನಿಸಿದರೆ ಅದರಲ್ಲಿ ನಾಚಿಕೆಯೇನೂ ಇಲ್ಲ.

ಲೆಕ್ಕ ಸುಲಭ. ಮುಂದೆ 42 ಹಲ್ಲು, ಹಿಂದೆ 14 ಹಲ್ಲಿದ್ದರೆ ಪೆಡಲಿನ ಒಂದು ಸುತ್ತಿಗೆ ಗಾಲಿ ಮೂರು ಸುತ್ತು. ಇದು ಸಮತಟ್ಟು ರಸ್ತೆಗೆ, ಇಳಿಜಾರಿಗೆ. ಮುಂದೆ 24, ಹಿಂದೆಯೂ 24 ಇದ್ದರೆ ಒಂದೇ ಸುತ್ತು. ದೂರ ಕಡಿಮೆ, ಕಾಲಿನ ಮೇಲೆ ಭಾರವೂ ಕಡಿಮೆ. ಏರು ಶುರುವಾಗುವ ಮೊದಲೇ ಹಗುರ ಗೇರಿಗೆ ಬನ್ನಿ. ಬದಲಿಸುವಾಗ ಪೆಡಲ್ ತಿರುಗುತ್ತಿರಲಿ, ಆದರೆ ಒತ್ತಿ ತುಳಿಯಬೇಡಿ. ಮುಂದಿನ ಅತಿ ದೊಡ್ಡ ಚಕ್ರಕ್ಕೆ ಹಿಂದಿನ ಅತಿ ದೊಡ್ಡದನ್ನು, ಚಿಕ್ಕದಕ್ಕೆ ಚಿಕ್ಕದನ್ನು ಜೋಡಿಸಬೇಡಿ. ಚೈನ್ ಓರೆಯಾಗಿ ಬೇಗ ಸವೆಯುತ್ತದೆ.

ಪೆಡಲಿಗೂ ಒಂದು ಗುಟ್ಟಿದೆ. ಬಲಗಡೆಯದಕ್ಕೆ ಮಾಮೂಲಿ ತಿರುಪು, ಎಡಗಡೆಯದಕ್ಕೆ ಉಲ್ಟಾ ತಿರುಪು. ಮಾಮೂಲಿ ತಿರುಪಿದ್ದರೆ ಎಡ ಪೆಡಲ್ ತುಳಿಯುತ್ತಾ ತುಳಿಯುತ್ತಾ ಸಡಿಲವಾಗಿ ಕಳಚಿಕೊಳ್ಳುತ್ತದೆ. ವಿಮಾನ ಹಾರಿಸುವ ಮೊದಲು ಸೈಕಲ್ ಅಂಗಡಿ ನಡೆಸುತ್ತಿದ್ದ ರೈಟ್ ಸಹೋದರರೂ 1900ರ ಹೊತ್ತಿಗೆ ತಮ್ಮ ಸೈಕಲ್ಲುಗಳಿಗೆ ಈ ಉಪಾಯ ಬಳಸಿದ್ದರು. ನೆನಪಿಡಲು ಒಂದೇ ಸೂತ್ರ: ಸ್ಪ್ಯಾನರ್ ಪೆಡಲಿನ ಮೇಲ್ಗಡೆ ಇರುವಂತೆ ಹಿಡಿದರೆ, ಎರಡೂ ಕಡೆ ಮುಂದಿನ ಗಾಲಿಯತ್ತ ತಿರುಗಿಸಿದರೆ ಬಿಗಿ, ಹಿಂದಿನ ಗಾಲಿಯತ್ತ ತಿರುಗಿಸಿದರೆ ಸಡಿಲ. ಕೂಡಿಸುವಾಗ ತಿರುಪಿಗೆ ಸ್ವಲ್ಪ ಗ್ರೀಸ್ ಹಚ್ಚಿ, ಮೊದಲ ಸುತ್ತುಗಳನ್ನು ಕೈಯಿಂದಲೇ ತಿರುಗಿಸಿ. ಬಿಗಿಯೆನಿಸಿದರೆ ಒತ್ತಾಯ ಬೇಡ; ಎಡ-ಬಲ ಅದಲುಬದಲಾಗಿರಬಹುದು. ಪೆಡಲ್ ಮೇಲೆ ಸಾಮಾನ್ಯವಾಗಿ ಎಲ್, ಆರ್ ಅಕ್ಷರಗಳಿರುತ್ತವೆ, ನೋಡಿಕೊಳ್ಳಿ.

ಚೈನ್ ವಿಷಯದಲ್ಲಿ ಪುಣೆಯ ಮಳೆಗಾಲವೇ ದೊಡ್ಡ ಶತ್ರು. ನೆನೆದು ಬಂದ ದಿನ ಒಣ ಬಟ್ಟೆಯಿಂದ ಒರೆಸಿ, ಪ್ರತಿ ಕೊಂಡಿಗೆ ಒಂದು ಹನಿ ಚೈನ್ ಆಯಿಲ್ ಬಿಟ್ಟು, ಪೆಡಲ್ ಹಿಂದಕ್ಕೆ ತಿರುಗಿಸಿ, ಹೆಚ್ಚಾದದ್ದನ್ನು ಒರೆಸಿಬಿಡಿ. ಅಡುಗೆ ಎಣ್ಣೆ ಬೇಡ, ಧೂಳು ಹಿಡಿದು ಅಂಟಾಗುತ್ತದೆ. ಒಟ್ಟು ಹತ್ತು ನಿಮಿಷದ ಕೆಲಸ. ಬಾಲ್ಕನಿಯಲ್ಲಿ ನಿಂತಿರುವ ಸೈಕಲ್ಲಿಗೆ ಈ ಭಾನುವಾರ ಇಷ್ಟು ಮಾಡಿ, ಮನೆ ಹತ್ತಿರದ ಏರಿನಲ್ಲಿ ಎಲ್ಲಕ್ಕಿಂತ ಹಗುರ ಗೇರಿನಲ್ಲಿ ಒಮ್ಮೆ ಹತ್ತಿ ನೋಡಿ.